ಮೊದಲು ಮಸಿಬಟ್ಟೆ, ಆಮೇಲೆ ತೋರಣ



"ಮಿಸ್, ಕ್ರೋಶಾ ಕಲಿಯಬೇಕೆಂದಿದ್ದೇನೆ, ಯಾವುದರಿಂದ ಆರಂಭಿಸಲಿ?" ಎಂದು ಈಚೆಗೆ ನನ್ನ ಹಳೆಯ ವಿದ್ಯಾರ್ಥಿನಿಯರಲ್ಲಿ ಹಲವರು ಕೇಳಿದ್ದಾರೆ. ಕೆಲವರು ಹಾಸನದಲ್ಲಿಯೇ ಇದ್ದಾರೆ, ಕೆಲವರು ಬೆಂಗಳೂರು ಸೇರಿದ್ದಾರೆ, ಒಬ್ಬಿಬ್ಬರು ಕಡಲಾಚೆ ನೆಲೆಸಿದ್ದಾರೆ. ವಿಶೇಷವೆಂದರೆ, ಕೇಳಿದವರೆಲ್ಲರೂ ಉತ್ತರವನ್ನು ಮನಸ್ಸಿನಲ್ಲಿಟ್ಟುಕೊಂಡೇ ಕೇಳಿದವರು. ಒಬ್ಬಳಿಗೆ ಮಂಚದ ಹೊದಿಕೆ ಹೆಣೆಯುವ ಆಸೆ. ಇನ್ನೊಬ್ಬಳಿಗೆ ಮಣಿ ಕುಚ್ಚುಗಳ ಬಾಗಿಲ ತೋರಣ. ಮತ್ತೊಬ್ಬಳಿಗೆ ಸೊಸೆಯ ಸೀಮಂತದ ಹೊತ್ತಿಗೆ ಒಂದು ಶಾಲು. ನಾನು ಎಲ್ಲರಿಗೂ ಒಂದೇ ಮಾತು ಹೇಳಿದೆ: ಮೊದಲು ಮಸಿಬಟ್ಟೆ ಮಾಡು, ಆಮೇಲೆ ತೋರಣದ ಮಾತು. ಬಿಸಿ ಪಾತ್ರೆ ಹಿಡಿದು ಇಳಿಸುವ ಆ ಬಡಪಾಯಿ ಬಟ್ಟೆಯ ಹೆಸರು ಕೇಳಿ ಕೆಲವರು ನಕ್ಕರು. ನಕ್ಕವರಿಗೂ ನಗದವರಿಗೂ ಒಟ್ಟಿಗೆ ಉತ್ತರವಾಗಲೆಂದು ಇದನ್ನು ಬರೆಯುತ್ತಿದ್ದೇನೆ.

ಗಣಿತದ ಟೀಚರಿಗೂ ಕ್ರೋಶಾ ಕಡ್ಡಿಗೂ ಏನು ಸಂಬಂಧವೆಂದು ಹೊಸಬರು ಕೇಳಬಹುದು. 1979ರಲ್ಲಿ ನಾನು ಹೊಳೆನರಸೀಪುರದಲ್ಲಿ ಕೆಲಸಕ್ಕೆ ಸೇರಿದಾಗ ವೇಳಾಪಟ್ಟಿಯಲ್ಲಿ ವಾರಕ್ಕೆರಡು 'ಕಾರ್ಯಾನುಭವ'ದ ಪೀರಿಯಡ್ ಇತ್ತು. ಕೊಠಾರಿ ಆಯೋಗವು 1966ರ ವರದಿಯಲ್ಲಿ ಶಾಲಾಶಿಕ್ಷಣದೊಡನೆ ಕೈಕೆಲಸವೂ ಸೇರಬೇಕೆಂದು ಹೇಳಿತ್ತು; 1977ರ ಈಶ್ವರಭಾಯಿ ಪಟೇಲ್ ಸಮಿತಿ ಅದನ್ನೇ 'ಸಮಾಜೋಪಯೋಗಿ ಉತ್ಪಾದಕ ಕಾರ್ಯ' ಎಂದು ಹೆಸರಿಸಿ ಇನ್ನಷ್ಟು ಒತ್ತು ಕೊಟ್ಟಿತ್ತು. ಹೆಸರು ಎಷ್ಟೇ ಗಂಭೀರವಾಗಿದ್ದರೂ ಪೀರಿಯಡ್ ನಡೆಸಲು ಪ್ರತ್ಯೇಕ ಶಿಕ್ಷಕಿ ಇರಲಿಲ್ಲ. ಸೋದರತ್ತೆಯಿಂದ ಹುಡುಗಿಯಾಗಿದ್ದಾಗಲೇ ಕ್ರೋಶಾ ಕಲಿತಿದ್ದ ನನ್ನ ಪಾಲಿಗೆ ಅದು ತಾನಾಗಿ ಬಂತು. ಮುಂದೆ ವರ್ಗಾವಣೆಯಾದಲ್ಲೆಲ್ಲ, ಅರಕಲಗೂಡು, ಚನ್ನರಾಯಪಟ್ಟಣ, ಕೊನೆಗೆ ಹಾಸನ, ಬೀಜಗಣಿತದ ಪುಸ್ತಕದ ಜೊತೆಗೆ ಕಡ್ಡಿಯೂ ಚೀಲದಲ್ಲಿ ಬಂತು.

ಆಗ ದಾರಕ್ಕೆ ದುಡ್ಡಿರಲಿಲ್ಲ. ದಿನಸಿ ಅಂಗಡಿಯವರು ಪೊಟ್ಟಣಕ್ಕೆ ಸುತ್ತಿ ಕೊಡುತ್ತಿದ್ದ ಹತ್ತಿಯ ದಾರವನ್ನು ಬಿಸಾಡದೆ ಉಂಡೆ ಸುತ್ತಿಡುವುದು ಪ್ರತಿ ಮನೆಯ ಪದ್ಧತಿಯಾಗಿತ್ತು. ಮಕ್ಕಳು ಆ ಉಂಡೆಗಳನ್ನು ತಂದರು. ಮೂರೆಳೆ ಸೇರಿಸಿದರೆ ದಪ್ಪ ದಾರ. ಬುಟ್ಟಿ ಹೆಣೆಯುವವರೊಬ್ಬರು ಬಿದಿರಿನಲ್ಲಿ ಕೊಕ್ಕೆಯ ಕಡ್ಡಿಗಳನ್ನು ಕೆತ್ತಿ ಕೊಟ್ಟರು. ಮರಳು ಕಾಗದದಲ್ಲಿ ಉಜ್ಜಿ ನುಣುಪು ಮಾಡಿಕೊಂಡೆವು. ಬಡತನದಿಂದ ಬಂದ ಈ ಏರ್ಪಾಡೇ ಹೊಸಬರಿಗೆ ಅತ್ಯುತ್ತಮವಾದದ್ದೆಂದು ಅನುಭವದಿಂದ ತಿಳಿಯಿತು. ಕಲಿಯುವವರು ಸಾಮಾನ್ಯವಾಗಿ ಅಂಗಡಿಗೆ ಹೋಗಿ ಅತಿ ಸಣ್ಣ ಉಕ್ಕಿನ ಕಡ್ಡಿಯನ್ನೂ ಕೂದಲೆಳೆಯಂಥ ದಾರವನ್ನೂ ತರುತ್ತಾರೆ. ಉಕ್ಕಿನ ಕಡ್ಡಿಯಲ್ಲಿ ನಂಬರು ದೊಡ್ಡದಾದಷ್ಟೂ ಕಡ್ಡಿ ಸಣ್ಣದು ಎಂಬುದೂ ಅನೇಕರಿಗೆ ಗೊತ್ತಿರುವುದಿಲ್ಲ. ಸಣ್ಣ ದಾರದಲ್ಲಿ ತಪ್ಪು ಕಾಣುವುದಿಲ್ಲ, ಒಪ್ಪೂ ಕಾಣುವುದಿಲ್ಲ. ಈಗ ಕೊಳ್ಳುವವರು 4 ಅಥವಾ 5 ಮಿಲಿಮೀಟರಿನ ಕಡ್ಡಿಯನ್ನೂ ಅದಕ್ಕೊಪ್ಪುವ ದಪ್ಪ ಹತ್ತಿಯ ದಾರವನ್ನೂ ಕೊಳ್ಳಿರಿ. ಬಣ್ಣ ತಿಳಿಯಾಗಿರಲಿ, ಕಪ್ಪು, ಕಡುನೀಲಿಗಳಲ್ಲಿ ಕುಣಿಕೆ ಎಲ್ಲಿದೆಯೆಂದು ಕಣ್ಣಿಗೆ ಗೊತ್ತಾಗದು.

ಇನ್ನು ಮೊದಲ ಪಾಠ. ಹೊಳೆನರಸೀಪುರದ ಹೆಣ್ಣುಮಕ್ಕಳಿಗೆ ನಾನು ಕಲಿಸುವ ಮೊದಲೇ ಅರ್ಧ ವಿದ್ಯೆ ಬಂದಿತ್ತು. ಹೇಗೆಂದರೆ, ಅವರಿಗೆ ಹೂ ಕಟ್ಟಲು ಬರುತ್ತಿತ್ತು. ಸಂಜೆ ಲಕ್ಷ್ಮೀನರಸಿಂಹಸ್ವಾಮಿಯ ಗುಡಿಗೆಂದು ಕನಕಾಂಬರ, ಮಲ್ಲಿಗೆ ಕಟ್ಟುವಾಗ ಎಡಗೈ ಬೆರಳು ದಾರವನ್ನು ಬಿಗಿಯಾಗಿಯೂ ಅಲ್ಲದೆ ಸಡಿಲವಾಗಿಯೂ ಅಲ್ಲದೆ ಹಿಡಿದಿರುತ್ತದೆ. ಬಲಗೈ ಕುಣಿಕೆ ತಿರುಗಿಸಿ ತೊಟ್ಟಿನ ಮೇಲೆ ಇಳಿಸುತ್ತದೆ. ಬಿಗಿದರೆ ತೊಟ್ಟು ಮುರಿಯಿತು, ಸಡಿಲಿಸಿದರೆ ಹೂ ಉದುರಿತು. ಕ್ರೋಶಾದ ಹದವೂ ಇದೇ. ಮಾಲೆ ಕಟ್ಟುವ ಬೆರಳಿಗೆ ಕಡ್ಡಿ ಕೊಟ್ಟರೆ ಸಾಕು.

ಜೀರುಗುಣಿಕೆ ಹಾಕಿ ಕಡ್ಡಿಗೆ ಸಿಕ್ಕಿಸಿ, ದಾರವನ್ನು ಕೊಕ್ಕೆಗೆ ಸುತ್ತಿ ಕುಣಿಕೆಯೊಳಗಿಂದ ಎಳೆದರೆ ಒಂದು ಸರಪಳಿ. ಅದರೊಳಗಿಂದ ಮತ್ತೊಂದು, ಅದರೊಳಗಿಂದ ಇನ್ನೊಂದು. ಎಣಿಸುವಾಗ ಕಡ್ಡಿಯ ಮೇಲಿರುವ ಕುಣಿಕೆಯನ್ನು ಎಣಿಸಬಾರದು. ಇಷ್ಟೇ ಬಂದರೂ ಒಂದು ವಸ್ತು ಸಿದ್ಧವಾಗಬೇಕೆಂಬುದು ನನ್ನ ಹಟವಾಗಿತ್ತು. ಆದ್ದರಿಂದ ಮೊದಲ ವಾರದಲ್ಲಿ ಎಲ್ಲರೂ ಮೊಳದುದ್ದದ ಮೂರು ಸರಪಳಿಗಳನ್ನು ಹಾಕಿ, ಜಡೆಯಂತೆ ಹೆಣೆದು, ತುದಿಗೆ ಗಂಟು ಬಿಗಿದು ಪುಸ್ತಕದೊಳಗೆ ಗುರುತಿಗಿಡುವ ದಾರ ಮಾಡುತ್ತಿದ್ದರು. ಮುಂದಿನ ವಾರ ನನ್ನ ಗಣಿತದ ತರಗತಿಯಲ್ಲಿ ಪ್ರತಿ ಪಠ್ಯಪುಸ್ತಕದಿಂದಲೂ ಒಂದು ಬಾಲ ಇಣುಕುತ್ತಿತ್ತು. ಹೆಣೆದದ್ದು ವಾರದೊಳಗೆ ಬಳಕೆಗೆ ಬಂದುದರಿಂದ ಮತ್ತೆ ಹೆಣೆಯುವ ಆಸೆ ಹುಟ್ಟಿತು. ನಾನು ಹೇಳಹೊರಟಿರುವುದರ ಸಾರವೂ ಇಷ್ಟೇ: ಮೊದಲ ಕೆಲಸ ಚೆಂದವಾಗಿರಬೇಕಾಗಿಲ್ಲ, ಮುಗಿಯುವಂಥದಾಗಿರಬೇಕು, ಮುಗಿದ ಮೇಲೆ ಮನೆಯಲ್ಲಿ ಅದಕ್ಕೊಂದು ಕೆಲಸವಿರಬೇಕು.

ಅರಕಲಗೂಡಿಗೆ ವರ್ಗವಾದಾಗ ನಾನು ಅಣ್ಣನ ಮನೆಯಲ್ಲಿಯೇ ಇದ್ದೆ. ಅಲ್ಲಿಯ ಶಾಲೆಯಲ್ಲಿ ಆಲೂಗಡ್ಡೆ ಕೀಳುವ ಕಾಲ ಬಂತೆಂದರೆ ತರಗತಿ ಅರ್ಧ ಖಾಲಿ. ಹಾಜರಿ ತಪ್ಪಿದ ಹುಡುಗಿಯರಿಗೆ ಲೆಕ್ಕದಲ್ಲಿ ಹಿಂದುಳಿದ ಸಂಕೋಚ. ಹದಿನೈದು ದಿನ ಬಿಟ್ಟು ಬಂದು ಕಡೆಯ ಬೆಂಚಿನಲ್ಲಿ ಕುಳಿತವರು ಕ್ರಮೇಣ ಬರುವುದನ್ನೇ ನಿಲ್ಲಿಸುತ್ತಿದ್ದರು. ಕ್ರೋಶಾದಲ್ಲಿ ಮಾತ್ರ ಈ ಸಂಕೋಚವಿರಲಿಲ್ಲ. ಕಾರಣ, ಅದು ಬಿಟ್ಟಲ್ಲಿಂದಲೇ ಹಿಡಿಯಬಹುದಾದ ವಿದ್ಯೆ. ಸ್ವೆಟರ್ ಹೆಣೆಯುವ ಎರಡು ಕಡ್ಡಿಗಳ ಕೆಲಸದಲ್ಲಿ ಸಾಲಿನ ಎಲ್ಲ ಕುಣಿಕೆಗಳೂ ಕಡ್ಡಿಯ ಮೇಲೆ ಜೀವ ಹಿಡಿದು ಕೂತಿರುತ್ತವೆ, ಒಂದು ಜಾರಿದರೆ ಕೆಳಗಿನ ಸಾಲುಗಳೂ ಬಿಚ್ಚುತ್ತ ಹೋಗುತ್ತವೆ. ಕ್ರೋಶಾದಲ್ಲಿ ಬಿಡಿಯಾಗಿರುವುದು ಒಂದೇ ಒಂದು ಕುಣಿಕೆ. ತಪ್ಪಿದರೆ ತಪ್ಪಿದಲ್ಲಿಯವರೆಗೆ ಎಳೆಯಿರಿ, ದಾರ ದಾರವಾಗಿಯೇ ಕೈಗೆ ಬರುತ್ತದೆ. ಅಳಿಸಿದ ಗುರುತೂ ಉಳಿಯದ ಸ್ಲೇಟು ಅದು.

ಅಲ್ಲಿ ಕಲಿಸಿದ್ದು ಚೌಕ, ಅಂದರೆ ಮಸಿಬಟ್ಟೆ. 31 ಸರಪಳಿ ಹಾಕಿ, ಕಡ್ಡಿಯಿಂದ ಎರಡನೆಯ ಸರಪಳಿಯಲ್ಲಿ ಕೊಕ್ಕೆ ತೂರಿಸಿ ದಾರ ಎಳೆದರೆ ಕಡ್ಡಿಯ ಮೇಲೆ ಎರಡು ಕುಣಿಕೆಗಳಾಗುತ್ತವೆ. ಮತ್ತೆ ದಾರ ಸುತ್ತಿ ಎರಡರೊಳಗಿಂದಲೂ ಒಟ್ಟಿಗೆ ಎಳೆಯಬೇಕು. ಇದಕ್ಕೆ ನಮ್ಮ ತರಗತಿಯಲ್ಲಿ 'ಗಿಡ್ಡ ಕಂಬ'ವೆಂದು ಹೆಸರು. ಒಂದು ಸಾಲಿಗೆ 30 ಕಂಬ. ಸಾಲು ಮುಗಿದೊಡನೆ ತಿರುಗಿಸಿ, ಒಂದು ಸರಪಳಿ ಹಾಕಿ, ಮತ್ತೆ 30. ಅಗಲ ಹೆಚ್ಚುಕಡಿಮೆ ಒಂದು ಗೇಣು ಬರುತ್ತದೆ. ಎತ್ತರವೂ ಅಷ್ಟೇ ಆಗುವ ತನಕ ಮುಂದುವರಿಸಿ. ಮೂಲೆಯಿಂದ ಮೂಲೆಗೆ ಮಡಿಸಿದಾಗ ಅಂಚುಗಳು ಕೂಡಿದರೆ ಚೌಕವಾಯಿತೆಂದು ಅರ್ಥ. ಹೊಸಬರ ಚೌಕಗಳೆಲ್ಲ ಮೇಲಕ್ಕೆ ಹೋದಂತೆ ಕಿರಿದಾಗುತ್ತವೆ. ಸಾಲಿನ ಕೊನೆಯ ಕಂಬವನ್ನು ಕಣ್ಣು ತಪ್ಪಿಸುತ್ತದೆ, ಅಷ್ಟೇ. ಮದ್ದು ಒಂದೇ: ಪ್ರತಿ ಸಾಲನ್ನೂ ಎಣಿಸುವುದು. ಮತ್ತೊಂದು ಎಚ್ಚರಿಕೆಯ ಮಾತು: ಮಸಿಬಟ್ಟೆಗೆ ಹತ್ತಿಯ ದಾರವೇ ಆಗಬೇಕು. ಅಂಗಡಿಯಲ್ಲಿ ಉಲ್ಲನ್ ಎಂದು ಕೊಡುವುದು ಬಹುಪಾಲು ಅಕ್ರಿಲಿಕ್. ಅದು ಬಿಸಿಗೆ ಕರಗಿ ಕೈಗಂಟೀತು. ಹತ್ತಿಯದನ್ನೂ ಎರಡು ಪದರ ಮಾಡಿ ಹೊಲಿದುಕೊಳ್ಳಿ.

ವಿಡಿಯೊ ನೋಡಿ ಕಲಿಯುವವರಿಗಾಗಿ ಒಂದು ಮಾತು. ನಾವು ಗಿಡ್ಡ ಕಂಬವೆನ್ನುವುದನ್ನು ಅಮೆರಿಕದವರು ಸಿಂಗಲ್ ಕ್ರೋಶಾ ಎನ್ನುತ್ತಾರೆ, ಬ್ರಿಟನ್ನಿನವರು ಅದನ್ನೇ ಡಬಲ್ ಎನ್ನುತ್ತಾರೆ. ಅಮೆರಿಕದವರ ಡಬಲ್ ಬ್ರಿಟನ್ನಿನವರಿಗೆ ಟ್ರೆಬಲ್. ಹೇಳಿಕೊಡುವವರು ಯಾವ ಊರಿನವರೆಂದು ತಿಳಿದುಕೊಂಡೇ ಕಡ್ಡಿ ಹಿಡಿಯಿರಿ.

ಈಗ ನಮ್ಮ ಅತ್ತಿಗೆಯ ವಿಷಯ ಹೇಳಬೇಕು. ಬಂಧುಗಳಿಗೆಲ್ಲ ತಿಳಿದಂತೆ ಅಣ್ಣ 2019ರಲ್ಲಿ ತೀರಿಕೊಂಡ. ನಲವತ್ತು ವರ್ಷ ಹೊತ್ತುಹೊತ್ತಿಗೆ ಮನೆ ನಡೆಸಿದ ಅತ್ತಿಗೆಯ ಕೈ ಅಂದಿನಿಂದ ಯಾವ ಕೆಲಸದಲ್ಲಿಯೂ ನಿಲ್ಲದಾಯಿತು. ಹೂ ಕಟ್ಟಲು ಕೂತರೆ ಅರ್ಧ ಮಾಲೆ. ಅಕ್ಕಿ ಆರಿಸಲು ಕೂತರೆ ಅರ್ಧ ಮೊರ. ಮಕ್ಕಳು ವೈದ್ಯರಿಗೂ ತೋರಿಸಿದರು. ನಾನು ಹೋಗಿ ಕೆಲದಿನ ಅವರ ಜೊತೆಗಿದ್ದೆ. ಒಂದು ಮಧ್ಯಾಹ್ನ ಕಡ್ಡಿಯನ್ನೂ ದಾರವನ್ನೂ ಮುಂದಿಟ್ಟಾಗ, "ಇದೆಲ್ಲ ನನ್ ಕೈಲಿ ಆಗಲ್ಲ ಕಣೆ. ನನ್ ಕೈಲಿ ಈಗ ಏನೂ ಮುಗಿಯಲ್ಲ" ಎಂದರು. "ಮುಗಿಸಬೇಡಿ ಅತ್ತಿಗೆ, ಒಂದು ಸಾಲು ಹಾಕಿ" ಎಂದೆ.

ಆ ಒಂದು ಸಾಲಿಗೆ ಅರ್ಧ ಗಂಟೆ ಹಿಡಿಯಿತು. ಮೂವತ್ತು ಎಣಿಸುವುದರೊಳಗೆ ಎರಡು ಸಲ ಎಣಿಕೆ ತಪ್ಪಿತು, ಎರಡು ಸಲವೂ ಅವರೇ ಬಿಚ್ಚಿ ಮೊದಲಿನಿಂದ ಹಾಕಿದರು. ನಾನು ಪಕ್ಕದಲ್ಲಿ ನನ್ನ ಕೆಲಸ ನೋಡುತ್ತ ಕೂತಿದ್ದೆ. ಕಲಿಸುವವರು ಕಲಿಯುವವರ ಕೈಯಿಂದ ಕಡ್ಡಿ ಕಿತ್ತುಕೊಳ್ಳಬಾರದೆಂಬುದು ನನ್ನ ಹಳೆಯ ನಿಯಮ. ಮೂರನೆಯ ದಿನ ಸಂಜೆ ಒಂದು ಬಟ್ಟೆ ಸಿದ್ಧವಾಯಿತು. ಅದು ಚೌಕವೂ ಅಲ್ಲ, ತ್ರಿಕೋನವೂ ಅಲ್ಲ. ಅಂದು ರಾತ್ರಿ ಅನ್ನದ ಪಾತ್ರೆಯನ್ನು ಅದರಲ್ಲಿಯೇ ಹಿಡಿದು ಇಳಿಸಿದರು. ಇಳಿಸಿ, ಒಲೆ ಕಟ್ಟೆಯ ಮೇಲೆ ಅದನ್ನು ಮಡಿಸಿಟ್ಟು, ಸ್ವಲ್ಪ ಹೊತ್ತು ಅದರ ಮೇಲೆ ಕೈಯಿಟ್ಟುಕೊಂಡು ನಿಂತಿದ್ದರು. ಏನೂ ಮಾತನಾಡಲಿಲ್ಲ. ಅವರ ದುಃಖ ಮಸಿಬಟ್ಟೆಯಿಂದ ಹೋಯಿತೆಂದು ನಾನು ಹೇಳುವುದಿಲ್ಲ, ಹೋಗುವಂಥದೂ ಅಲ್ಲ. ಆದರೆ ಮರುದಿನ ಬೆಳಿಗ್ಗೆ ಕಟ್ಟಿದ ಮಾಲೆ ದೇವರ ಪಟಕ್ಕೆ ಪೂರ್ತಿ ಬಂತು. ಅವರಿಗೆ ಅಂದು ನಾನು ಶಾಲನ್ನೋ ತೋರಣವನ್ನೋ ಹಚ್ಚಿಕೊಟ್ಟಿದ್ದರೆ ಅರ್ಧಕ್ಕೆ ನಿಂತ ವಸ್ತುಗಳ ಸಾಲಿಗೆ ಅದೂ ಒಂದಾಗುತ್ತಿತ್ತು. ಮೊದಲ ಕೆಲಸ ಸಣ್ಣದಿರಲಿ ಎಂದು ನಾನು ಹಟ ಹಿಡಿಯುವುದು ಇದಕ್ಕೆ.

ಚೌಕ ಬಂದ ಮೇಲೆ ವೃತ್ತ. ಇದನ್ನು ಕಲಿಸಿದ್ದು ಚನ್ನರಾಯಪಟ್ಟಣದಲ್ಲಿ. ಅಲ್ಲಿಯ ಗಣಿತದ ಪೀರಿಯಡ್ಡೂ ಕಾರ್ಯಾನುಭವದ ಪೀರಿಯಡ್ಡೂ ಒಂದರ ಹಿಂದೊಂದು ಇದ್ದುದರಿಂದ ಎರಡೂ ಒಂದರೊಳಗೊಂದು ಬೆರೆತುಹೋಗುತ್ತಿದ್ದವು. ದಾರದ ಉಂಗುರದೊಳಗೆ 6 ಗಿಡ್ಡ ಕಂಬ ಹಾಕಿ. ಎರಡನೆಯ ಸುತ್ತಿನಲ್ಲಿ ಪ್ರತಿ ಕಂಬಕ್ಕೂ ಎರಡೆರಡು, 12. ಮೂರನೆಯದರಲ್ಲಿ ಒಂದು ಬಿಟ್ಟು ಒಂದಕ್ಕೆ ಎರಡು, 18. ನಾಲ್ಕನೆಯದರಲ್ಲಿ ಎರಡು ಬಿಟ್ಟು ಒಂದಕ್ಕೆ ಎರಡು, 24. ಮುಂದೆ 30, 36. "ಆರನೇ ಮಗ್ಗಿ!" ಎಂದು ತರಗತಿ ಕೂಗಿತು. ಆರೇ ಏಕೆ? ಪ್ರತಿ ಸುತ್ತಿನಲ್ಲೂ ತ್ರಿಜ್ಯ ಒಂದು ಕಂಬದೆತ್ತರ ಬೆಳೆಯುತ್ತದೆ, ಆದ್ದರಿಂದ ಪರಿಧಿ ಅದರ 6.28 ಪಟ್ಟು ಬೆಳೆಯಬೇಕು. ಗಿಡ್ಡ ಕಂಬದ ಎತ್ತರವೂ ಅಗಲವೂ ಹೆಚ್ಚುಕಡಿಮೆ ಒಂದೇ ಆದುದರಿಂದ ಆರು ಕಂಬ ಕೂಡಿಸಿದರೆ ಚಕ್ರ ಚಪ್ಪಟೆಯಾಗಿ ಕೂರುತ್ತದೆ. ಎತ್ತರದ ಕಂಬ ಹಾಕುವವರು 12ರಿಂದ ಆರಂಭಿಸಿ ಹನ್ನೆರಡು ಹನ್ನೆರಡು ಕೂಡಿಸುವುದೂ ಇದೇ ಕಾರಣಕ್ಕೆ. ಪಠ್ಯಪುಸ್ತಕದಲ್ಲಿ ಬಾಯಿಪಾಠವಾಗಿದ್ದ 'ಪೈ' ಅಂದು ಮಕ್ಕಳ ಮಡಿಲಲ್ಲಿ ಕೂತಿತ್ತು.

ಕೂಡಿಸುವುದನ್ನು ನಿಲ್ಲಿಸಿದರೆ ಚಕ್ರ ಬಟ್ಟಲಾಗುತ್ತದೆ. ತೆಂಗಿನ ಸೀಮೆಯ ಮಕ್ಕಳು ಅದನ್ನು ತೆಂಗಿನ ಕರಟದ ಮೇಲೆ ಕೂರಿಸಿ ಅಳತೆ ನೋಡುತ್ತಿದ್ದರು. ಹೆಚ್ಚು ಕೂಡಿಸಿದರೆ ಅಂಚು ಹುಂಜದ ಜುಟ್ಟಿನಂತೆ ಸುಕ್ಕುಗಟ್ಟುತ್ತದೆ. ಹಾಗೆ ಸುಕ್ಕಾದ ಹೆಣಿಗೆಯೂ ವ್ಯರ್ಥವಲ್ಲ. ಯೂಕ್ಲಿಡನ ನಿಯಮಕ್ಕೆ ಹೊರತಾದ, ಒಂದು ಬಿಂದುವಿನ ಮೂಲಕ ಒಂದು ರೇಖೆಗೆ ಅನೇಕ ಸಮಾಂತರ ರೇಖೆಗಳನ್ನೆಳೆಯಬಹುದಾದ ರೇಖಾಗಣಿತವೊಂದಿದೆ. ಅದರ ಸಮತಲವನ್ನು ಕೈಯಲ್ಲಿ ಹಿಡಿದು ತೋರಿಸುವುದು ಹೇಗೆಂಬ ತೊಡಕಿಗೆ ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿದ್ದ ಲಾಟ್ವಿಯಾದ ಗಣಿತಜ್ಞೆ ಡೈನಾ ತೈಮಿನಾ 1997ರಲ್ಲಿ ಕಂಡುಕೊಂಡ ಉಪಾಯ ಕ್ರೋಶಾ: ಒಂದೇ ಪ್ರಮಾಣದಲ್ಲಿ ಕಂಬ ಹೆಚ್ಚಿಸುತ್ತ ಹೋಗುವುದು. ನನ್ನ ಹುಡುಗಿಯರು ಎಣಿಕೆ ಮೀರಿ ಮಾಡಿದ ಸುಕ್ಕುಗಳ ವಂಶವೇ ಅದು.

ಕಡೆಗೆ ಹಾಸನ. ಇಲ್ಲಿಗೆ ಬಂದ ಮೇಲೆ ಇನ್ನೊಂದು ಪಾಠವನ್ನು ನಾನು ನನ್ನ ವಿದ್ಯಾರ್ಥಿನಿಯಿಂದಲೇ ಕಲಿತೆ. ಮದುವೆಯಾಗಿ ಮನೆಯಲ್ಲಿದ್ದ ಆಕೆ ಅಂಗಡಿಯೊಂದಕ್ಕೆ ಬಾಗಿಲ ತೋರಣ ಹೆಣೆದುಕೊಡುತ್ತಿದ್ದಳು. ದಾರ, ಮಣಿ ಅವಳದೇ, 100 ರೂಪಾಯಿ. ಅಂಗಡಿಯವರು ಕೊಡುತ್ತಿದ್ದುದು 250. ಎಷ್ಟು ಹೊತ್ತು ಹಿಡಿಯುತ್ತದೆಂದು ಕೇಳಿದೆ. "ಬಿಡುವಲ್ಲಿ ಮಾಡೋದಲ್ವಾ ಮಿಸ್, ಹೊತ್ತು ಯಾರ್ ನೋಡ್ತಾರೆ?" ಎಂದಳು. ಒಂದು ತೋರಣದ ಹೊತ್ತನ್ನು ಬರೆದಿಡು ಎಂದೆ. 30 ಗಂಟೆಯಾಯಿತು. ಗಂಟೆಗೆ 5 ರೂಪಾಯಿ! ಇದು ನಮ್ಮೂರಿನ ಕಥೆ ಮಾತ್ರವಲ್ಲ. ಆಂಧ್ರದ ಗೋದಾವರಿ ಸೀಮೆಯ ನರಸಾಪುರದಲ್ಲಿ ಹತ್ತೊಂಬತ್ತನೆಯ ಶತಮಾನದಲ್ಲಿ ಮಿಷನರಿಗಳು ತಂದ ಕ್ರೋಶಾ ಲೇಸು ದೊಡ್ಡ ರಫ್ತು ಉದ್ಯಮವಾಗಿ ಬೆಳೆಯಿತು. ಜರ್ಮನಿಯ ಸಮಾಜವಿಜ್ಞಾನಿ ಮರಿಯಾ ಮೀಸ್ 1982ರಲ್ಲಿ ಅಲ್ಲಿಯ ಲೇಸು ಹೆಣೆಯುವ ಹೆಂಗಸರ ಮೇಲೊಂದು ಪುಸ್ತಕವನ್ನೇ ಬರೆದರು. ದಿನವಿಡೀ ದುಡಿದರೂ ಅವರನ್ನು ಕಾರ್ಮಿಕರೆಂದು ಯಾರೂ ಎಣಿಸುವುದಿಲ್ಲ, ಮನೆಯಲ್ಲಿ ಕೂತ ಗೃಹಿಣಿಯರ ಹೊತ್ತುಗಳೆಯುವ ಕೆಲಸವೆಂದೇ ಬಗೆಯುತ್ತಾರೆ, ಕೂಲಿ ಕಡಿಮೆಯಾಗಿರುವುದು ಅದರಿಂದಲೇ ಎಂಬುದು ಆಕೆ ತೋರಿಸಿಕೊಟ್ಟ ಸತ್ಯ. ನರಸಾಪುರದ ಲೇಸಿಗೆ 2024ರಲ್ಲಿ ಭೌಗೋಳಿಕ ಸೂಚಿಯ ಮಾನ್ಯತೆ ಸಿಕ್ಕಿದೆ. ಹೆಣೆಯುವ ಕೈಗಳಿಗೂ ಅದರ ಪಾಲು ಸಿಗಲಿ.

ಆದುದರಿಂದ ಹೊಸದಾಗಿ ಕಲಿಯುವವರಿಗೆ ನನ್ನ ಕೋರಿಕೆ: ಮೊದಲ ಮಸಿಬಟ್ಟೆಗೆ ಎಷ್ಟು ಗಂಟೆ ಹಿಡಿಯಿತೆಂದು ಒಂದು ಚೀಟಿಯಲ್ಲಿ ಬರೆದಿಡಿ. ಮುಂದೆ ನೀವು ಮಾರಿದರೂ ಮಾರದಿದ್ದರೂ, ನಿಮ್ಮ ಕೈ ಖರ್ಚು ಮಾಡಿದ ಹೊತ್ತು ನಿಮಗಾದರೂ ಗೊತ್ತಿರಲಿ. ಅಷ್ಟು ಹೊತ್ತನ್ನು ಅದಕ್ಕೆ ಕೊಡಬೇಕೆಂದು ಮನಸ್ಸಾದರೆ ಸಂತೋಷದಿಂದ ಕೊಡಿ. ಆ ಹುಡುಗಿ, ಅಲ್ಲ, ಈಗ ಆಕೆಯೂ ಅಜ್ಜಿ, ಗಂಟೆಗಳ ಲೆಕ್ಕದ ಚೀಟಿಯನ್ನೇ ಅಂಗಡಿಯವರ ಮುಂದಿಟ್ಟಳು. ಅವರು ಒಪ್ಪಲಿಲ್ಲ. ಅಂದಿನಿಂದ ಆಕೆ ತೋರಣ ಹೆಣೆಯುವುದು ನೆಂಟರಿಷ್ಟರ ಗೃಹಪ್ರವೇಶಕ್ಕೆ ಮಾತ್ರ.

ಚಕ್ರ ಬಂದವರಿಗೆ ಕುಲಾವಿ ದೂರವಿಲ್ಲ. ಹುಟ್ಟಿದ ಮಗುವಿನ ತಲೆಯ ಸುತ್ತಳತೆ ಸುಮಾರು 35 ಸೆಂಟಿಮೀಟರ್, ಅದನ್ನು 3.14ರಿಂದ ಭಾಗಿಸಿದರೆ 11. ನಿಮ್ಮ ಚಕ್ರದ ಅಡ್ಡಳತೆ 11 ಸೆಂಟಿಮೀಟರ್ ಆದೊಡನೆ ಕೂಡಿಸುವುದನ್ನು ನಿಲ್ಲಿಸಿ, ಕಿವಿ ಮುಚ್ಚುವ ತನಕ ಸುತ್ತು ಹಾಕುತ್ತ ಹೋಗಿ. ಮೆತ್ತನೆಯ ಹತ್ತಿಯ ದಾರ ಬಳಸಿ. ಮಣಿ, ಗುಂಡಿ ಯಾವುದನ್ನೂ ಹೊಲಿಯಬೇಡಿ. ಕಿತ್ತು ಬಂದರೆ ಮಗುವಿನ ಬಾಯಿಗೆ ಹೋದೀತು. ಹಾಸನದ ಡಿಸೆಂಬರಿನ ಚಳಿಯಲ್ಲಿ ಹುಟ್ಟುವ ಕೂಸಿಗೆ ಇದಕ್ಕಿಂತ ಒಳ್ಳೆಯ ಉಡುಗೊರೆ ನಾನರಿಯೆ. ಪುಸ್ತಕದ ದಾರ, ಮಸಿಬಟ್ಟೆ, ಚಕ್ರ, ಕುಲಾವಿ, ಈ ನಾಲ್ಕು ಮುಗಿದ ಮೇಲೆ ತೋರಣಕ್ಕೆ ಕೈಹಾಕಿ. ಆಗ ಯಾರೂ ನಿಮ್ಮನ್ನು ತಡೆಯಲಾರರು.

ಮುಗಿಸುವ ವಿಧಾನವನ್ನು ಹೇಳದೆ ಹೋದರೆ ಪಾಠ ಅಪೂರ್ಣವಾದೀತು. ಕೊನೆಯ ಕಂಬವಾದ ಮೇಲೆ ಒಂದು ಗೇಣು ದಾರ ಬಿಟ್ಟು ಕತ್ತರಿಸಿ, ಅದರ ತುದಿಯನ್ನು ಕಡೆಯ ಕುಣಿಕೆಯೊಳಗಿಂದ ಪೂರ್ತಿ ಎಳೆದು ಬಿಗಿಯಿರಿ. ಉಳಿದ ಬಾಲವನ್ನು ಗೋಣಿ ಸೂಜಿಗೆ ಪೋಣಿಸಿ ಕಂಬಗಳ ನಡುವೆ ಎರಡು ಮೂರು ಸಲ ಹಿಂದೆಮುಂದೆ ಓಡಿಸಿ, ಆಮೇಲೆ ಮಿಕ್ಕದ್ದನ್ನು ಕತ್ತರಿಸಿ. ಇಷ್ಟು ಮಾಡಿದ ಹೆಣಿಗೆ ನಿಮ್ಮ ಮೊಮ್ಮಕ್ಕಳ ಅಡುಗೆಮನೆಯವರೆಗೂ ಬಿಚ್ಚದೆ ಬಂದೀತು. ಸೊಟ್ಟಗಿದ್ದರೂ ಸರಿಯೇ, ಮುಗಿಸಿದವರು ಊರಿಗೆ ಬಂದಾಗ ತಂದು ತೋರಿಸಿ. ಕಂಬ ಎಣಿಸುವ ಕೆಲಸ ನನ್ನದು.

ಎಲ್ಲರಿಗೂ ಶುಭವಾಗಲಿ.